‘ಎಲ್ಲರ’ ಎಂಬ ಮಾತು

ನಮ್ಮ ಬೀದಿಯಲ್ಲಿ ಬಹುಕಾಲದಿಂದ ನೆರೆಯವರಾಗಿರುವ ಕ್ರೈಸ್ತ ಮಿತ್ರರೊಬ್ಬರು, ನಿವೃತ್ತ ಉಪಾಧ್ಯಾಯರು, ಒಂದು ಸಂಜೆ ಕಾಫಿ ಕುಡಿಯುತ್ತ ವಿಚಿತ್ರವಾದ ದೂರೊಂದನ್ನು ಹೇಳಿಕೊಂಡರು. ದೂರು ತಮ್ಮ ನಾಲಗೆಯ ಮೇಲೆಯೇ. ಅವರ ಸಭೆಯಲ್ಲಿ ಪ್ರಾರ್ಥನೆ ಮುಗಿಯುವಾಗ ಎಲ್ಲರೂ ಒಟ್ಟಿಗೆ ಹೇಳುವ ಆಶೀರ್ವಚನವೊಂದಿದೆ. ಕ್ರಿಸ್ತನ ಕೃಪೆ, ದೇವರ ಪ್ರೀತಿ, ಪವಿತ್ರಾತ್ಮನ ಅನ್ಯೋನ್ಯತೆ, ಈ ಮೂರೂ ಎಲ್ಲರೊಡನೆ ಇರಲೆಂದು ಹಾರೈಸುವ ಒಂದೇ ವಾಕ್ಯ. ಅರವತ್ತು ವರ್ಷಗಳಿಂದ ಹೇಳುತ್ತ ಬಂದ ಮಾತು ಅದು. ಈಗ ಕೆಲವು ತಿಂಗಳಿಂದ ‘ಎಲ್ಲರ’ ಎಂಬಲ್ಲಿಗೆ ಬಂದಾಗ ಬಾಯಿ ಕಟ್ಟಿಹೋಗುತ್ತದಂತೆ. ಕಾರಣ ಇಷ್ಟೆ: ಸಭೆಯ ಲೆಕ್ಕಪತ್ರದ ವಿಷಯದಲ್ಲಿ ಅವರ ಮೇಲೆ ಒಬ್ಬರು ಇಲ್ಲದ ಅಪವಾದ ಹೊರಿಸಿದರು. ಆ ಮನುಷ್ಯ ಎರಡು ಬೆಂಚು ಮುಂದೆ ಕೂರುತ್ತಾನೆ. “ಅವನನ್ನು ಸೇರಿಸಿ ಹರಸಿದರೆ ಸುಳ್ಳಾಡಿದಂತಾಯಿತು. ಬಿಟ್ಟು ಹರಸೋಣವೆಂದರೆ ವಾಕ್ಯವೇ ಮುರಿಯುತ್ತದೆ. ನೀವಾದರೆ ಏನು ಮಾಡುತ್ತಿದ್ದಿರಿ?” ಎಂದು ಕೇಳಿದರು.

ನಾನು ಏನು ಮಾಡುತ್ತೇನೆಂಬುದು ನನಗೇ ಗೊತ್ತು. ಮದುವೆಮನೆಯಲ್ಲಿ ಅಕ್ಷತೆ ಹಿಡಿದು ನಿಂತಾಗ, ಬೀಗರ ಕಡೆಯವರ ಮೇಲೆ ಹೊಟ್ಟೆಯೊಳಗೆ ಕುದಿಯುತ್ತಿದ್ದರೂ, ಕೈ ತಾನಾಗಿ ಮೇಲೇಳುತ್ತದೆ. ಅಕ್ಕಿ ಬೀಳುವಲ್ಲಿ ಬೀಳುತ್ತದೆ, ಮನಸ್ಸು ಇದ್ದಲ್ಲೇ ಇರುತ್ತದೆ. ನನ್ನ ಮಿತ್ರರ ಬಾಯಿ ಕಟ್ಟುವುದು ಅವರ ಪ್ರಾಮಾಣಿಕತೆಯ ಲಕ್ಷಣ. ಆದರೂ ಅವರ ಪ್ರಶ್ನೆ ನನ್ನನ್ನು ಬಿಡಲಿಲ್ಲ. ಅವರಿಂದಲೇ ಬೈಬಲನ್ನು ಎರವಲು ತಂದು, ಆ ವಾಕ್ಯ ಹುಟ್ಟಿದ ಪತ್ರವನ್ನು ಮೊದಲಿನಿಂದ ಕೊನೆಯವರೆಗೆ ಓದಿದೆ.

ಅದು ಪೌಲನು ಕೊರಿಂಥದವರಿಗೆ ಬರೆದ ಎರಡನೆಯ ಪತ್ರ. ಕ್ರಿ. ಶ. 55ರ ಆಸುಪಾಸಿನದು. ಕೊರಿಂಥ ಸಾಮಾನ್ಯವಾದ ಊರಲ್ಲ. ಕ್ರಿ. ಪೂ. 146ರಲ್ಲಿ ರೋಮನರು ಅದನ್ನು ಹಾಳುಗೆಡವಿದರು, ಕ್ರಿ. ಪೂ. 44ರಲ್ಲಿ ಜೂಲಿಯಸ್ ಸೀಸರನೇ ಅದನ್ನು ಮತ್ತೆ ನೆಲೆಗೊಳಿಸಿದ. ಎರಡು ಕಡಲಿಗೆ ಎರಡು ಬಂದರು, ನಾನಾ ದೇಶದ ಸರಕು, ಬಿಡುಗಡೆಹೊಂದಿದ ಗುಲಾಮರು, ಹೊಸ ಹಣ. ಇಂಥ ಊರಿನ ಪುಟ್ಟ ಸಭೆಯಲ್ಲಿ ಊರಿನ ಗುಣವೆಲ್ಲ ಇತ್ತು. ಒಟ್ಟಿಗೆ ಕೂತು ಉಣ್ಣಬೇಕಾದ ಪವಿತ್ರ ಭೋಜನದಲ್ಲಿಯೇ ಒಬ್ಬ ಹಸಿದಿರುತ್ತಿದ್ದ, ಇನ್ನೊಬ್ಬ ಕುಡಿದು ಅಮಲೇರಿರುತ್ತಿದ್ದ. ಪೌಲನೇ ಮೊದಲನೆಯ ಪತ್ರದಲ್ಲಿ ಇದನ್ನೆತ್ತಿ ಗದರಿಸಿದ್ದಾನೆ.

ಎರಡನೆಯ ಪತ್ರದ ಹೊತ್ತಿಗೆ ಜಗಳ ಅವನ ಮೇಲೆಯೇ ತಿರುಗಿತ್ತು. ಪತ್ರದಲ್ಲಿ ಗಂಡಸು, ಎದುರಿಗೆ ನಿಂತರೆ ದುರ್ಬಲ ಎಂದು ಜನ ಆಡಿಕೊಂಡರು. ಅವನು ಉತ್ತರವಾಗಿ ವ್ಯಂಗ್ಯವಾಡುತ್ತಾನೆ, ಹುಚ್ಚನಂತೆ ಮಾತನಾಡುತ್ತೇನೆ ಎಂದು ತಾನೇ ಒಪ್ಪಿಕೊಂಡು ತಿಂದ ಪೆಟ್ಟುಗಳ ಲೆಕ್ಕ ಒಪ್ಪಿಸುತ್ತಾನೆ. ನಾನು ಬಂದಾಗ ನಿಮ್ಮಲ್ಲಿ ಹೊಟ್ಟೆಕಿಚ್ಚು, ಸಿಟ್ಟು, ಚಾಡಿ, ಗುಸುಗುಸು ಇವನ್ನೇ ಕಾಣುವೆನೋ ಏನೋ ಎಂದು ಅಂಜುತ್ತಾನೆ. ಕೊನೆಯ ನಾಲ್ಕು ಅಧ್ಯಾಯಗಳ ಧಾಟಿ ಎಷ್ಟು ಬಿರುಸೆಂದರೆ, ಇವು ಬೇರೆಯೇ ಒಂದು ಪತ್ರದ ಭಾಗವಾಗಿರಬೇಕೆಂದು ಊಹಿಸುವ ವಿದ್ವಾಂಸರಿದ್ದಾರೆ. ಈ ಬಿರುಸಿನ ತುದಿಯಲ್ಲಿ, ಹದಿಮೂರನೆಯ ಅಧ್ಯಾಯದ ಕೊನೆಯ ಸಾಲಾಗಿ, ಆ ಆಶೀರ್ವಚನ ಬರುತ್ತದೆ. ಅದರ ಕಡೆಯಲ್ಲಿ ‘ಎಲ್ಲರ’ ಎಂಬ ಮಾತಿದೆ. ಚಾಡಿ ಹೇಳಿದವನನ್ನೂ ಬಿಟ್ಟಿಲ್ಲ.

ಇಲ್ಲಿ ಇನ್ನೊಂದು ಅಂಶ ನನಗೆ ಕಂಡಿತು. ಮೊದಲನೆಯ ಪತ್ರವನ್ನು ಮುಗಿಸುವಾಗ ಪೌಲನು ಕ್ರಿಸ್ತನ ಕೃಪೆಯನ್ನು ಕೋರಿ, ಅದರ ಹಿಂದೆಯೇ ತನ್ನ ಪ್ರೀತಿಯೂ ಅವರೆಲ್ಲರೊಡನೆ ಇರಲೆಂದು ಸೇರಿಸಿದ್ದ. ಈ ಪತ್ರದಲ್ಲಿ ಅವನ ಪ್ರೀತಿ ಆ ಸಾಲಿನಲ್ಲಿಲ್ಲ, ಇರುವುದು ದೇವರ ಪ್ರೀತಿ. ಇದು ಬೇಕೆಂದೇ ಮಾಡಿದ್ದೆಂದು ನಾನು ಹೇಳಲಾರೆ. ಅವರನ್ನು ಪ್ರೀತಿಸುತ್ತೇನೆಂದು ಇದೇ ಪತ್ರದಲ್ಲಿ ಬೇರೆಡೆ ಹೇಳಿಯೂ ಇದ್ದಾನೆ. ಆದರೂ ಹರಸುವ ಹೊತ್ತಿನಲ್ಲಿ ಅವನು ತನ್ನ ಮನೆಯ ಕಣಜವನ್ನು ತೆರೆಯಲಿಲ್ಲ. ಅದರಲ್ಲಿ ಎಷ್ಟಿತ್ತೋ! ತನ್ನದಲ್ಲದ ಕಣಜದಿಂದ ಅವರಿಗೆ ಸಿಗಲಿ ಎಂದು ಬೇಡಿದ. ಮಿತ್ರರಿಗೆ ಮೊದಲು ಹೇಳಿದ್ದು ಇದನ್ನೇ. ಆ ವಾಕ್ಯವನ್ನು ಉಚ್ಚರಿಸುವವನು “ನಾನು ನಿನ್ನನ್ನು ಪ್ರೀತಿಸುತ್ತೇನೆ” ಎನ್ನುತ್ತಿಲ್ಲ. ತನ್ನಿಂದ ಕೊಡಲಾಗದ್ದನ್ನು ಇನ್ನೊಬ್ಬರಿಂದ ಕೊಡಿಸುತ್ತಿದ್ದಾನೆ. ಅದರಲ್ಲಿ ಸುಳ್ಳೇನು ಬಂತು?

“ಹಾಗಾದರೆ ಸುಲಭವಾಯಿತಲ್ಲ” ಎಂದರು ಅವರು, ಸ್ವಲ್ಪ ಅಸಮಾಧಾನದಿಂದಲೇ.

ಸುಲಭವಾಗುವುದಿಲ್ಲ. ಮೂರನೆಯ ಪದ ಅದಕ್ಕೆ ಬಿಡುವುದಿಲ್ಲ.

ಮೂರು ಹೆಸರುಗಳ ಕ್ರಮವನ್ನು ಮೊದಲು ನೋಡಿ. ಮತ್ತಾಯನ ಸುವಾರ್ತೆಯ ಕೊನೆಯಲ್ಲಿ ಬರುವ ದೀಕ್ಷಾಸ್ನಾನದ ಮಾತಿನಲ್ಲಿ ತಂದೆ, ಮಗ, ಪವಿತ್ರಾತ್ಮ ಎಂದು ಕ್ರಮ. ಇಲ್ಲಿ ಕ್ರಿಸ್ತನು ಮೊದಲು. ಇದು ಅಂತಸ್ತಿನ ಕ್ರಮವಲ್ಲ, ಅನುಭವದ ಕ್ರಮ ಎಂದು ನನಗೆ ತೋರುತ್ತದೆ. ಮನುಷ್ಯನಿಗೆ ಮೊದಲು ಎದುರಾಗುವುದು ಅನರ್ಹನಿಗೆ ಸಿಕ್ಕ ಒಂದು ಉಪಕಾರ. ಅದರ ಬೆನ್ನುಹತ್ತಿ ಹೋದರೆ ಅದು ಹೊರಟ ಮೂಲದ ಪ್ರೀತಿ. ಆಮೇಲೆ ಆ ಉಪಕಾರವನ್ನೇ ಪಡೆದ ಇತರರ ಜೊತೆ ಬಾಳುವ ಕಷ್ಟ. ತ್ರಯೈಕ್ಯದ ಸಿದ್ಧಾಂತ ಹರಳುಗಟ್ಟಿದ್ದು ಬಹಳ ತಡವಾಗಿ, 325ರ ನಿಕೇಯ ಮತ್ತು 381ರ ಕಾನ್‌ಸ್ಟಾಂಟಿನೋಪಲ್ ಪರಿಷತ್ತುಗಳಲ್ಲಿ. ಆ ಚರ್ಚೆಗೆ ನಾನು ಇಳಿಯುವುದಿಲ್ಲ. ನಮ್ಮಲ್ಲಿ ಕೆಲವರು ಇದನ್ನು ತ್ರಿಮೂರ್ತಿಗಳಿಗೆ ಹೋಲಿಸಿ ಕೈತೊಳೆದುಕೊಳ್ಳುತ್ತಾರೆ. ಆ ಹೋಲಿಕೆ ನಿಲ್ಲುವುದಿಲ್ಲ. ಸೃಷ್ಟಿ ಸ್ಥಿತಿ ಲಯಗಳೆಂಬ ಕೆಲಸದ ಹಂಚಿಕೆ ಇಲ್ಲಿಲ್ಲ. ಆಯುಸ್ಸು, ಸಂತಾನ, ಮಳೆಬೆಳೆ ಎಂಬ ಬೇಡಿಕೆಗಳೂ ಇಲ್ಲ.

ಇನ್ನು ಆ ಮೂರನೆಯ ಪದ. ಗ್ರೀಕಿನಲ್ಲಿ ಅದು ‘ಕೊಯ್ನೋನಿಯ’. ಕನ್ನಡ ಬೈಬಲು ಅದನ್ನು ‘ಅನ್ಯೋನ್ಯತೆ’ ಎಂದಿದೆ. ಚೆಲುವಾದ ಮಾತು, ಗಂಡಹೆಂಡಿರು ಅನ್ಯೋನ್ಯವಾಗಿದ್ದಾರೆ ಎನ್ನುವಾಗ ನಮಗೆ ಬರುವ ಹಿತವೆಲ್ಲ ಅದರಲ್ಲಿದೆ. ಒಡೆದು ನೋಡಿದರೆ ಅನ್ಯ ಮತ್ತು ಅನ್ಯ, ಇಬ್ಬರೂ ಬೇರೆಯೇ. ಹತ್ತಿರವಾದರೂ ಒಬ್ಬನು ಇನ್ನೊಬ್ಬನಾಗಿ ಕರಗುವುದಿಲ್ಲ. ಆದರೆ ಗ್ರೀಕ್ ಮಾತಿನಲ್ಲಿ ಇಷ್ಟು ಮೃದುವಲ್ಲದ ಇನ್ನೊಂದು ಮುಖವಿದೆ: ಪಾಲುಗಾರಿಕೆ. ಲೂಕನು ಯಾಕೋಬ ಯೋಹಾನರನ್ನು ಸೀಮೋನನ ಮೀನುಗಾರಿಕೆಯ ಪಾಲುಗಾರರು ಎನ್ನುವಾಗ ಬಳಸುವುದು ಇದೇ ಬೇರಿನ ಪದವನ್ನು. ದೋಣಿ, ಬಲೆ, ಲಾಭ, ನಷ್ಟ ಎಲ್ಲದರಲ್ಲೂ ಪಾಲು. ಸಾಲದ್ದಕ್ಕೆ, ಕೊರಿಂಥದವರಿಗೆ ಬರೆದ ಈ ಪತ್ರದ ನಡುವೆಯೇ, ಎಂಟು ಒಂಬತ್ತನೆಯ ಅಧ್ಯಾಯಗಳಲ್ಲಿ, ಯೆರೂಸಲೇಮಿನ ಬಡವರಿಗಾಗಿ ಪೌಲನು ಎತ್ತುತ್ತಿದ್ದ ಚಂದಾಕ್ಕೂ ‘ಕೊಯ್ನೋನಿಯ’ ಎಂಬ ಹೆಸರೇ ಇದೆ. ‘ಕೃಪೆ’ ಎಂದು ನಾವು ಓದುವ ಮಾತನ್ನೂ ಅಲ್ಲಿ ಆ ಚಂದಾಕ್ಕೆ ಬಳಸಿದ್ದಾನೆ. ಹೀಗೆ ಆಶೀರ್ವಾದದ ಮೂರು ಪದಗಳಲ್ಲಿ ಎರಡಕ್ಕೆ ನಾಣ್ಯದ ಸದ್ದಿದೆ. ಹರಸಿ ಎದ್ದು ಹೋಗುವಂತಿಲ್ಲ, ಪಾಲುಗಾರನಾಗಿ ಕೂರಬೇಕು.

ಬಳಕೆಯಲ್ಲಿ ಇದು ಮರೆತುಹೋಗುವುದು ಸಹಜ. ಪಾದ್ರಿಯ ಕೈ ಮೇಲೆದ್ದ ಕೂಡಲೇ ಕೊಡೆ ಚೀಲಗಳನ್ನು ಹುಡುಕುವ ಸದ್ದು ಕೇಳುವುದನ್ನು ನಾನೇ ಮದುವೆಗಳಿಗೆ ಹೋದಾಗ ಕಂಡಿದ್ದೇನೆ. ಮನೆಗೆ ಹೊರಡುವ ಗಂಟೆ ಎಂದು ಅದರ ಅರ್ಥ. ಪೂರ್ವದ ಬೈಜಾಂಟೈನ್ ಆರಾಧನೆಯಲ್ಲಾದರೋ ಈ ಹಾರೈಕೆ ಬರುವುದು ರೊಟ್ಟಿ ದ್ರಾಕ್ಷಾರಸಗಳ ಮಹಾಪ್ರಾರ್ಥನೆಯ ಬಾಗಿಲಲ್ಲಿ. 1970ರ ರೋಮನ್ ಪೂಜಾಗ್ರಂಥವೂ ಇದನ್ನು ಆರಂಭದ ವಂದನೆಗಳಲ್ಲಿ ಒಂದಾಗಿ ಇಟ್ಟಿದೆ. ಇಂಗ್ಲೆಂಡಿನ ಸಭೆಯ 1662ರ ಪ್ರಾರ್ಥನಾಪುಸ್ತಕ ಬೆಳಗಿನ ಮತ್ತು ಸಂಜೆಯ ಪ್ರಾರ್ಥನೆಗಳ ಕೊನೆಯಲ್ಲೇ ಇಟ್ಟಿತು. ಆದರೆ ಒಂದು ಸರ್ವನಾಮವನ್ನು ಬದಲಾಯಿಸಿತು. ‘ನಿಮ್ಮೆಲ್ಲರ’ ಎಂಬುದು ‘ನಮ್ಮೆಲ್ಲರ’ ಆಯಿತು. ಮೇಲೆ ನಿಂತು ಹರಸುವವನ ಪೀಠವೇ ಹೋಯಿತು! ನನ್ನ ಮಿತ್ರರೂ ಎರಡು ಬೆಂಚು ಮುಂದಿನ ಆ ಮನುಷ್ಯನೂ ಒಂದೇ ಸಾಲಿನಲ್ಲಿ ಕೈಚಾಚಿ ನಿಂತಂತಾಯಿತು. ಅವರಿಗೆ ಹಿಡಿಸದಿದ್ದುದು ಇದೇ ಇರಬೇಕು.

ಇಷ್ಟನ್ನೂ ಕೇಳಿ ಅವರು, “ಪೌಲನಿಗೇನು, ದೂರದಲ್ಲಿ ಕೂತು ಬರೆದ. ನಾನು ಪ್ರತಿ ಭಾನುವಾರ ಆ ಮುಖ ನೋಡಬೇಕು” ಎಂದರು.

ಅವನೂ ಹೋದನಲ್ಲ ಎಂದೆ. ಮೂರನೆಯ ಸಲ ಬರುತ್ತೇನೆಂದು ಅದೇ ಅಧ್ಯಾಯದ ಮೊದಲಲ್ಲಿ ತಿಳಿಸಿದ್ದಾನೆ. ಆಮೇಲೆ ಗ್ರೀಸಿನಲ್ಲಿ ಮೂರು ತಿಂಗಳಿದ್ದನೆಂದು ಅಪೊಸ್ತಲರ ಕೃತ್ಯಗಳಲ್ಲಿದೆ. ರೋಮಿನವರಿಗೆ ಬರೆದ ಪತ್ರದ ಕೊನೆಯ ಕಡೆಗೆ, ಮಕೆದೋನ್ಯದವರೂ ಅಖಾಯದವರೂ ಯೆರೂಸಲೇಮಿನ ಬಡವರಿಗಾಗಿ ಸಂತೋಷದಿಂದ ಕೊಟ್ಟರೆಂಬ ವರ್ತಮಾನವಿದೆ. ಅಲ್ಲಿಯೂ ಪದ ‘ಕೊಯ್ನೋನಿಯ’ವೇ. ಅಖಾಯದ ರಾಜಧಾನಿ ಕೊರಿಂಥ.

“ಎಷ್ಟು ಕೊಟ್ಟರು?”

“ಲೆಕ್ಕ ಬರೆದಿಟ್ಟಿಲ್ಲ. ಆದರೆ ಆ ಹಣದ ವಿಷಯದಲ್ಲಿ ಯಾರೂ ತನ್ನ ಕಡೆ ಬೆರಳು ತೋರಿಸಬಾರದೆಂದು ಪೌಲ ಬಹಳ ಎಚ್ಚರವಹಿಸಿದ್ದ. ಆದರೂ ಯುಕ್ತಿಯಿಂದ ನಮ್ಮನ್ನು ಸುಲಿದುಕೊಂಡ ಎಂಬ ಮಾತು ಅವನ ಕಿವಿಗೂ ಬಿದ್ದಂತಿದೆ. ಅದಕ್ಕೆ ಉತ್ತರ ಹೇಳಿದ್ದಾನೆ.”

“ಅವನಿಗೂ ಲೆಕ್ಕದ ಅಪವಾದವೆ? ಎಲ್ಲಿದೆ ಅದು?”

“ಹನ್ನೆರಡನೆಯ ಅಧ್ಯಾಯದಲ್ಲಿ.”

“ಎಷ್ಟು ಸಲ ಓದಿದ್ದೇನೋ” ಎನ್ನುತ್ತ ಅವರು ನನ್ನ ಕೈಯಿಂದ ಪುಸ್ತಕವನ್ನು ತೆಗೆದುಕೊಂಡು, ಕನ್ನಡಕ ಹುಡುಕಲು ಒಳಗೆ ಹೋದರು. ಕಾಫಿ ಅಲ್ಲಿಯೇ ಆರುತ್ತಿತ್ತು.