ಸಾಕ್ಷಿ ಇಲ್ಲದ ಸಾಲ

ಸಗಟು ವ್ಯಾಪಾರಿಯೊಬ್ಬ ಅಂಗಡಿಯವನಿಗೆ ಹತ್ತು ಮೂಟೆ ಅಕ್ಕಿ ಸಾಲವಾಗಿ ಕೊಟ್ಟನೆನ್ನೋಣ. ಹಣ ಬಾರದಾಗ ಅವನು ದಾವೆ ಹೂಡಿ ತನ್ನ ಲೆಕ್ಕದ ಪುಸ್ತಕವನ್ನು ನ್ಯಾಯಾಲಯದ ಮುಂದಿಡುತ್ತಾನೆ. ಅಷ್ಟೇ ಸಾಲದು. 1872ರ ಸಾಕ್ಷ್ಯ ಕಾಯ್ದೆಯೂ, 2024ರ ಜುಲೈಯಲ್ಲಿ ಅದರ ಬದಲಿಗೆ ಜಾರಿಗೆ ಬಂದ ಭಾರತೀಯ ಸಾಕ್ಷ್ಯ ಅಧಿನಿಯಮವೂ ಹೇಳುವುದು ಒಂದನ್ನೇ: ಕ್ರಮವಾಗಿ ಬರೆದ ಲೆಕ್ಕವು ಸಾಕ್ಷ್ಯವಾದರೂ ಅದೊಂದರಿಂದಲೇ ಯಾರ ಮೇಲೂ ಹೊಣೆ ಹೊರಿಸಲಾಗದು. ಸರಕು ಪಡೆದವನ ಸಹಿಯಿರುವ ಚೀಟಿಯೋ, ಕಂಡವರ ಹೇಳಿಕೆಯೋ ಬೇಕು.

ಈ ನಿಯಮ ನ್ಯಾಯವಾದುದೇ. ಇಲ್ಲವಾದರೆ ಯಾರು ಬೇಕಾದರೂ ಯಾರ ಹೆಸರಿಗೂ ಸಾಲ ಬರೆದಿಡಬಹುದಿತ್ತು. ವಾದಿಯು ಪುರಾವೆ ಒದಗಿಸಬೇಕು, ನಿರಾಕರಿಸುವವನು ಪ್ರಮಾಣ ಮಾಡಬೇಕು ಎಂಬುದು ಇಸ್ಲಾಮೀ ನ್ಯಾಯದ ತತ್ವವೂ ಹೌದು. ಅವಧಿಯ ಸಾಲವನ್ನು ಬರೆದಿಡಬೇಕೆಂದು ಪವಿತ್ರ ಕುರ್‌ಆನ್ (2:282) ಆದೇಶಿಸುತ್ತದೆ. ಬರೆಯಿಸುವ ಹೊಣೆಯನ್ನು ಅದು ಸಾಲಗಾರನಿಗೇ ವಹಿಸಿರುವುದನ್ನು ಗಮನಿಸಿರಿ.

ಆದರೆ ಪುರಾವೆಯಿಲ್ಲದೆ ದಾವೆ ಬಿದ್ದುಹೋದರೆ ಸಾಲವೂ ಅಳಿಯಿತೇ? 1963ರ ಕಾಲಮಿತಿ ಕಾಯ್ದೆಯಂತೆ ಇಂತಹ ದಾವೆಗೆ ಸಾಮಾನ್ಯವಾಗಿ 3 ವರ್ಷಗಳ ಗಡುವಿದೆ. ಗಡುವು ಮೀರಿದರೆ ವಸೂಲಿಯ ದಾರಿ ಮುಚ್ಚುತ್ತದೆ. ಆದರೂ ಸಾಲ ಸತ್ತಿತೆಂದು ಕಾನೂನು ಹೇಳುವುದಿಲ್ಲ. ಅದನ್ನು ತೀರಿಸುವೆನೆಂದು ಸಾಲಗಾರನು ಬರೆದು ಸಹಿ ಹಾಕಿದರೆ ಆ ವಾಗ್ದಾನವು ಊರ್ಜಿತವಾಗುತ್ತದೆ.

ಪ್ರವಾದಿವರ್ಯರು(ಸ) ಇನ್ನೂ ಮುಂದೆ ಹೋಗಿ ಎಚ್ಚರಿಸಿದ್ದಾರೆ. ತಾವು ಕೇಳಿದ ವಾದದ ಆಧಾರದಲ್ಲೇ ತೀರ್ಪು ನೀಡುವುದಾಗಿಯೂ, ವಾಕ್ಚಾತುರ್ಯದಿಂದ ಸಹೋದರನ ಹಕ್ಕನ್ನು ಗೆದ್ದವನು ನರಕಾಗ್ನಿಯ ತುಂಡನ್ನು ಒಯ್ಯುತ್ತಾನೆಂದೂ ಅವರು ತಿಳಿಸಿದರು (ಬುಖಾರಿ, ಮುಸ್ಲಿಮ್). ಪ್ರವಾದಿಯ(ಸ) ತೀರ್ಪೇ ಪರರ ಸೊತ್ತನ್ನು ಹಲಾಲ್ ಮಾಡದೆಂದ ಮೇಲೆ ನಮ್ಮ ನ್ಯಾಯಾಲಯಗಳ ತೀರ್ಪು ಹೇಗೆ ಮಾಡೀತು?

ಆದುದರಿಂದ ಮಾರುವವನು ಬರೆದಿಡಲಿ, ಸಹಿ ಪಡೆಯಲಿ. ಸಂಬಂಧಿಕನೊಡನೆ ಚೀಟಿ ಕೇಳಲು ಸಂಕೋಚವೇಕೆ? ಕೊಂಡವನಾದರೋ ಇದನ್ನು ನೆನಪಿಡಲಿ: ಚೀಟಿ ಕಳೆದುಹೋದಾಗ ಆ ಸಾಲಕ್ಕೆ ಉಳಿಯುವ ಸಾಕ್ಷಿ ಅವನೊಬ್ಬನೇ. ಸ್ವತಃ ತಮ್ಮ ವಿರುದ್ಧವಾದರೂ ಸರಿ, ನ್ಯಾಯಕ್ಕೆ ಸಾಕ್ಷಿ ನಿಲ್ಲಬೇಕೆಂದು ಕುರ್‌ಆನ್ (4:135) ಸತ್ಯವಿಶ್ವಾಸಿಗಳಿಗೆ ಆಜ್ಞಾಪಿಸಿದೆ.