ಕಣ್ಣಲ್ಲೇ ಕೇಳಿಸಿಕೊಂಡ ಬಾಲಣ್ಣ

ಬಾಲಣ್ಣ ಎಂದೇ ಕರೆಸಿಕೊಂಡ ಕನ್ನಡ ಚಿತ್ರನಟ ಟಿ.ಎನ್. ಬಾಲಕೃಷ್ಣ ಅವರಿಗೆ ಕಿವಿ ಸರಿಯಾಗಿ ಕೇಳಿಸುತ್ತಿರಲಿಲ್ಲ. ಹಾಗಿದ್ದೂ 1943ರ ‘ರಾಧಾರಮಣ’ದಿಂದ ಹಿಡಿದು ಐದು ದಶಕ, ಐನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ಅವರು ಮಾತಾಡಿದರು. ನಾಯಕನಾಗಿ ಅಲ್ಲ. ಮನೆ ಮುರಿಯುವ ಕುತಂತ್ರಿಯಾಗಿ, ಜಿಪುಣನಾಗಿ, ಊರಿನ ಹಿರಿಯನಾಗಿ, ಹಾಸ್ಯನಟ ನರಸಿಂಹರಾಜು ಜೊತೆ ನಗಿಸುವವನಾಗಿ.

ಯಾವ ನಟನಿಗಾದರೂ ಎದುರಿನವನ ಕೊನೆಯ ಪದವೇ ತನ್ನ ಮಾತಿಗೆ ಸುಳಿವು. ಅದು ಕಿವಿಗೆ ಬೀಳದಿದ್ದರೆ ದೃಶ್ಯವೇ ಮುಗ್ಗರಿಸುತ್ತದೆ. ಬಾಲಣ್ಣ ತುಟಿಯ ಚಲನೆ ನೋಡಿ ಮಾತು ಹಿಡಿಯುತ್ತಿದ್ದರು. ಎದುರಿನವರು ಮುಖ ತಿರುಗಿಸಿದರೆ ಆ ದಾರಿಯೂ ಇಲ್ಲ. ಹಾಗಾಗಿ ತಮ್ಮ ಮಾತಿನಷ್ಟೇ ಗಟ್ಟಿಯಾಗಿ ಪರರ ಮಾತೂ ತಲೆಯಲ್ಲಿರಬೇಕು. 1972ರ ‘ಬಂಗಾರದ ಮನುಷ್ಯ’ದಲ್ಲಿ ಅವರು ಮಾಡಿದ ರಾಚೂಟಪ್ಪನನ್ನು ನೋಡಿ. ತಾನು ಮಾತಾಡದೆ ಸುಮ್ಮನೆ ನಿಂತಾಗಲೂ ಅವನ ಕಣ್ಣು ಬಿಡುವಾಗಿರುವುದಿಲ್ಲ, ಎದುರಿನವರ ಮುಖದಲ್ಲೇ ನೆಟ್ಟಿರುತ್ತದೆ. ರಾಜ್‌ಕುಮಾರ್ ಅವರ ರಾಜೀವ ನಮಗೆ ಅಷ್ಟು ದೊಡ್ಡವನಾಗಿ ಕಾಣುವುದರಲ್ಲಿ ಆ ನೋಟದ ಪಾಲೂ ಇದೆ ಎಂದು ನಾನು ನಂಬಿದ್ದೇನೆ.

ಕಿವಿ ಚೆನ್ನಾಗಿರುವ ನಾವು ಇನ್ನೊಬ್ಬರ ಮಾತು ಮುಗಿಯಲಿ ಎಂದು ಕಾಯುತ್ತೇವೆ, ಅಷ್ಟೇ. ಮೀಟಿಂಗಿನಲ್ಲಿ, ಊಟದ ಹೊತ್ತಿನಲ್ಲಿ, ಗಂಡ ಹೆಂಡತಿಯ ನಡುವೆ ಕೂಡ. ಮನಸ್ಸು ಆಗಲೇ ತನ್ನ ಉತ್ತರ ಹೊಸೆಯುತ್ತಿರುತ್ತದೆ. ಬಾಲಣ್ಣನಿಗೆ ಆ ಸೌಕರ್ಯ ಇರಲಿಲ್ಲ. ಒಂದು ಕ್ಷಣ ಗಮನ ತಪ್ಪಿದರೆ ತಮ್ಮದೊಂದೇ ಅಲ್ಲ, ಜೊತೆಯವರ ದುಡಿಮೆಯೂ ಹಾಳು. ಅವರ ನಟನೆಯ ಬಹುಪಾಲು ಇನ್ನೊಬ್ಬರಿಗೆ ಕೊಟ್ಟ ಗಮನವೇ ಆಗಿತ್ತು.

ಆ ಗಮನ ಸೆಟ್ಟಿನಾಚೆಗೂ ಹರಿಯಿತು. ಆ ಕಾಲದಲ್ಲಿ ಕನ್ನಡ ಚಿತ್ರಗಳು ಹೆಚ್ಚಿನಂಶ ತಯಾರಾಗುತ್ತಿದ್ದದ್ದು ಮದರಾಸಿನ ಸ್ಟುಡಿಯೊಗಳಲ್ಲಿ. 1960ರಲ್ಲಿ ರಾಜ್‌ಕುಮಾರ್, ನರಸಿಂಹರಾಜು, ಜಿ.ವಿ. ಅಯ್ಯರ್ ಜೊತೆ ಕೈಜೋಡಿಸಿ ‘ರಣಧೀರ ಕಂಠೀರವ’ದ ನಿರ್ಮಾಣಕ್ಕಿಳಿದಿದ್ದ ಬಾಲಣ್ಣ, ಮುಂದೆ ಬೆಂಗಳೂರಿನ ಕೆಂಗೇರಿ ಬಳಿಯ ಮೈಲಸಂದ್ರದಲ್ಲಿ ಸರ್ಕಾರ ಕೊಟ್ಟ 20 ಎಕರೆಯಲ್ಲಿ ಅಭಿಮಾನ್ ಸ್ಟುಡಿಯೊ ಕಟ್ಟಲು ಹೊರಟರು. ದುಡಿದದ್ದನ್ನೆಲ್ಲ ಅಲ್ಲೇ ಸುರಿದರು. ಪೋಷಕ ನಟನ ಸಂಪಾದನೆಗೆ ಅದು ಮೀರಿದ ಭಾರ. ಅವರು ಕಂಡ ಕನಸಿನ ಅಳತೆಗೆ ಸ್ಟುಡಿಯೊ ಬೆಳೆಯಲಿಲ್ಲ. 1995ರ ಜುಲೈನಲ್ಲಿ ಅವರು ತೀರಿಕೊಂಡರು.

ಈಗ ಆ ಸೀಮೆ ಗುರುತು ಸಿಗದಷ್ಟು ಬದಲಾಗಿದೆ. ಹತ್ತಿರದಲ್ಲೇ ಗ್ಲೋಬಲ್ ವಿಲೇಜ್ ಟೆಕ್ ಪಾರ್ಕ್, ನೈಸ್ ರಸ್ತೆ, ಅಪಾರ್ಟ್‌ಮೆಂಟುಗಳ ಸಾಲು. ಐಟಿ ಕಚೇರಿಗಳ ರಾತ್ರಿ ಪಾಳಿಯಲ್ಲಿ ‘ಸಪೋರ್ಟ್’ ಕೆಲಸದವರು ಎಲ್ಲೋ ದೂರದ ಯಾರದೋ ವ್ಯವಹಾರ ನಿಲ್ಲದಂತೆ ಕಾಯುತ್ತಾರೆ. ಬೆಳಗಾಗುವವರೆಗೆ ಏನೂ ಕೆಡದಿದ್ದರೆ ಅವರು ಎಚ್ಚರವಿದ್ದದ್ದು ಯಾರಿಗೂ ಗೊತ್ತಾಗುವುದಿಲ್ಲ. ಪೋಷಕ ನಟರಂಥವರು ಚಿತ್ರರಂಗದಲ್ಲಷ್ಟೇ ಇಲ್ಲ.

2009ರ ಡಿಸೆಂಬರ್‌ನಲ್ಲಿ ನಟ ವಿಷ್ಣುವರ್ಧನ್ ಅವರ ಅಂತ್ಯಕ್ರಿಯೆ ನಡೆದದ್ದು ಅಭಿಮಾನ್ ಸ್ಟುಡಿಯೊದ ಅಂಗಳದಲ್ಲೇ. ಬನಶಂಕರಿಯಿಂದ ಕೆಂಗೇರಿವರೆಗಿನ ರಸ್ತೆಗೂ ಅವರದೇ ಹೆಸರಾಯಿತು. 2025ರ ಆಗಸ್ಟ್‌ನಲ್ಲಿ ಅವರ ಸಮಾಧಿಯನ್ನು ಕೆಡವಿದಾಗ ಅಭಿಮಾನಿಗಳು ಪಟ್ಟ ಸಂಕಟ ಸಹಜವಾದದ್ದು, ನನಗೂ ಹೊಟ್ಟೆ ಉರಿಯಿತು. ಆದರೆ ಅಷ್ಟೂ ದಿನಗಳ ಚರ್ಚೆಯಲ್ಲಿ ನನ್ನ ಕಿವಿಗೆ ಬಿದ್ದಷ್ಟು ಮಟ್ಟಿಗೆ ಬಾಲಣ್ಣನ ಹೆಸರು ಬಂದದ್ದು ಜಮೀನಿನ ದಾಖಲೆಗಳ ಜೊತೆಗೆ: ಮಂಜೂರಾದದ್ದು ಯಾರಿಗೆ, ಷರತ್ತು ಏನು, ಎಕರೆ ಎಷ್ಟು. ಅವರ ಪಾತ್ರಗಳ ಮಾತು ಅಪರೂಪ. ಇದು ನನಗೆ ತುಂಬ ನೋವು ಕೊಟ್ಟಿತು. ಆ ನೆಲ ಕೊನೆಗೆ ಯಾರ ಪಾಲಾದರೂ ಆಗಲಿ, ಬಾಲಕೃಷ್ಣ ಎಂಬ ನಟ ಇಲ್ಲಿ ಕನ್ನಡ ಚಿತ್ರಗಳಿಗೊಂದು ಮನೆ ಕಟ್ಟಲು ಹೊರಟಿದ್ದರು ಎಂದು ಅಲ್ಲಿ ಬರೆಸಬೇಕು, ಅವರು ಮಾಡಿದ ಪಾತ್ರಗಳ ಹೆಸರಿನ ಸಮೇತ.