ಹೆತ್ತವರ ದೇವರು, ಸಾಕಿದವರ ದೇವರು

ಎಯ್ತಾನ್ ಬರ್ಲಿನ್‌ನ ಯಹೂದಿ ಮನೆಯ ಹುಡುಗ, ನ್ಯೂಯಾರ್ಕ್‌ನಲ್ಲಿ ತಳಿವಿಜ್ಞಾನ ಓದುತ್ತಿರುವವನು. ಅಲ್ಲಿನ ಗ್ರಂಥಾಲಯದಲ್ಲಿ ಅವನಿಗೆ ಅರಬ್ ಮೂಲದ ಅಮೆರಿಕನ್ ಹುಡುಗಿ ವಹೀದಾಳ ಪರಿಚಯವಾಗುತ್ತದೆ, ಪರಿಚಯ ಪ್ರೀತಿಗೆ ತಿರುಗುತ್ತದೆ. ತಂದೆ ದಾವೀದ್‌ಗೆ ಇದು ಸುತರಾಂ ಒಪ್ಪಿಗೆಯಿಲ್ಲ. ನಾತ್ಸಿ ಶಿಬಿರಗಳಲ್ಲಿ ಸತ್ತವರ ನೆನಪನ್ನೇ ವ್ರತದಂತೆ ಹೊತ್ತವನು ಅವನು. ಅರಬ್ ಸೊಸೆಯನ್ನು ತರುವುದು ಆ ಸತ್ತವರಿಗೆ ಬಗೆಯುವ ದ್ರೋಹವೆಂದೇ ನಂಬಿದವನು. ಮಗ ಗುಟ್ಟಾಗಿ ಮನೆಯವರ ಡಿಎನ್‌ಎ ಪರೀಕ್ಷಿಸುತ್ತಾನೆ. ದಾವೀದ್ ತನ್ನ ತಂದೆ ತಾಯಿಗೆ ಹುಟ್ಟಿದವನೇ ಅಲ್ಲ ಎಂಬುದು ಹೊರಬೀಳುತ್ತದೆ. 1967ರ ಯುದ್ಧದಲ್ಲಿ ಸೈನಿಕನಾಗಿದ್ದ ಅಜ್ಜ ಎತ್ಗಾರ್ ಪ್ಯಾಲೆಸ್ಟೀನಿ ಹಸುಳೆಯೊಂದನ್ನು ಎತ್ತಿ ತಂದು, ತನ್ನದೇ ಮಗುವೆಂದು ಬೆಳೆಸಿದ್ದ. ಅರಬರನ್ನು ಕಂಡರಾಗದ ದಾವೀದ್ ಹುಟ್ಟಿನಿಂದ ಅರಬ್.

ಇದು ‘ಎಲ್ಲರೂ ಹಕ್ಕಿಗಳೇ’ ಎಂಬ ಅರ್ಥದ ಹೆಸರುಳ್ಳ ನಾಟಕದ ಕತೆ. 2017ರ ನವೆಂಬರ್‌ನಲ್ಲಿ ಪ್ಯಾರಿಸ್‌ನ ಲಾ ಕೊಲೀನ್ ರಂಗಮಂದಿರದಲ್ಲಿ ಇದು ಮೊದಲು ಪ್ರದರ್ಶನ ಕಂಡಿತು. ಬರೆದು ನಿರ್ದೇಶಿಸಿದವರು ವಜ್ದಿ ಮುವಾವದ್. 1968ರಲ್ಲಿ ಲೆಬನಾನ್‌ನ ಮಾರೊನೈಟ್ ಕ್ರೈಸ್ತ ಕುಟುಂಬದಲ್ಲಿ ಹುಟ್ಟಿದ ಅವರು ಅಲ್ಲಿನ ಅಂತರ್ಯುದ್ಧದಿಂದಾಗಿ ಬಾಲ್ಯದಲ್ಲೇ ಫ್ರಾನ್ಸಿಗೂ, ಅಲ್ಲಿಂದ 1983ರಲ್ಲಿ ಕೆನಡಾದ ಕ್ವಿಬೆಕ್‌ಗೂ ವಲಸೆ ಹೋದವರು. ನಾಟಕವನ್ನು ಫ್ರೆಂಚ್‌ನಲ್ಲಿ ಬರೆದರೂ ರಂಗದ ಮೇಲೆ ನಟರು ಆಡಿದ್ದು ಜರ್ಮನ್, ಇಂಗ್ಲಿಷ್, ಅರಬ್ಬಿ, ಹೀಬ್ರೂ ಭಾಷೆಗಳಲ್ಲಿ. ಪ್ಯಾರಿಸ್‌ನ ಪ್ರೇಕ್ಷಕರು ಫ್ರೆಂಚ್ ಅಡಿಬರಹ ಓದುತ್ತ ಕೂತರು. ಪರಭಾಷೆಯ ನಾಡಿನಲ್ಲಿ ಬದುಕುವವರ ದಿನನಿತ್ಯದ ಪಾಡು ಅಷ್ಟು ಹೊತ್ತಿನ ಮಟ್ಟಿಗೆ ಪ್ರೇಕ್ಷಕರ ಪಾಡೂ ಆಯಿತು.

ವಲಸೆಯ ನಾಟಕಗಳು ಸಾಮಾನ್ಯವಾಗಿ ಮನೆ, ಕೆಲಸ, ಕಾಗದಪತ್ರ, ಅವಮಾನಗಳ ಸುತ್ತ ಸುತ್ತುತ್ತವೆ. ಮುವಾವದ್ ಇನ್ನೂ ಆಳಕ್ಕೆ ಇಳಿಯುತ್ತಾರೆ. ಐವತ್ತು ವರ್ಷ ಒಬ್ಬ ದೇವರನ್ನು ಪ್ರಾರ್ಥಿಸಿ, ಹಬ್ಬಹರಿದಿನ ಆಚರಿಸಿ, ಒಂದು ಜನಾಂಗದ ದುಃಖವನ್ನು ತನ್ನದಾಗಿಸಿಕೊಂಡವನಿಗೆ ಒಂದು ದಿನ ‘ನೀನು ಅವರಲ್ಲಿ ಹುಟ್ಟಿದವನಲ್ಲ’ ಎಂದರೆ, ಅವನ ಪ್ರಾರ್ಥನೆಗಳ ಗತಿಯೇನು? ಧರ್ಮ ಬರುವುದು ಹೆತ್ತವರಿಂದಲೋ, ಸಾಕಿದವರಿಂದಲೋ?

ಶಾಸ್ತ್ರಗಳು ಇದಕ್ಕೆ ಒಂದೇ ಉತ್ತರ ಕೊಡುವುದಿಲ್ಲ. ಸಾಂಪ್ರದಾಯಿಕ ಯಹೂದಿ ಧರ್ಮಶಾಸ್ತ್ರದಲ್ಲಿ ಯಹೂದಿತನ ತಾಯಿಯಿಂದ ಬರುತ್ತದೆ, ಇಲ್ಲವೇ ವಿಧಿಪೂರ್ವಕ ಮತಾಂತರದಿಂದ. ಅನ್ಯರ ಮಗುವನ್ನು ಸಾಕಿದರೆ ಅದಕ್ಕೂ ಆ ವಿಧಿಗಳು ಆಗಬೇಕು. ಪ್ರಾಯಕ್ಕೆ ಬಂದಾಗ ಒಪ್ಪುವ ಅಥವಾ ನಿರಾಕರಿಸುವ ಅವಕಾಶ ಮಗುವಿಗಿರುತ್ತದೆ. ಮೂಲವನ್ನೇ ಮುಚ್ಚಿಟ್ಟ ಮನೆಯಲ್ಲಿ ದಾವೀದ್‌ಗೆ ಆ ಅವಕಾಶ ಸಿಕ್ಕಿರಲಾರದು. ಕುರಾನಿನ 33ನೇ ಅಧ್ಯಾಯ ಸಾಕುಮಕ್ಕಳನ್ನು ಹೆತ್ತ ತಂದೆಯ ಹೆಸರಿನಿಂದಲೇ ಕರೆಯಿರಿ ಎನ್ನುತ್ತದೆ. ತಂದೆ ಯಾರೆಂದು ತಿಳಿಯದಿದ್ದರೆ ಅವರು ಧರ್ಮದಲ್ಲಿ ಸೋದರರು. ಪ್ರವಾದಿಯ ಮಗನೆಂದೇ ಕರೆಸಿಕೊಳ್ಳುತ್ತಿದ್ದ ಝೈದ್ ಮತ್ತೆ ಹಾರಿಸರ ಮಗ ಝೈದ್ ಆದದ್ದು ಹೀಗೆ. ನಮ್ಮ ದತ್ತಕ ಪದ್ಧತಿ ಬೇರೆ ದಿಕ್ಕು ಹಿಡಿಯಿತು. ದತ್ತುಪುತ್ರ ಸಾಕಿದವರ ಗೋತ್ರಕ್ಕೆ ಸೇರುತ್ತಾನೆ, ಅವರಿಗೇ ಪಿಂಡ ಇಡುತ್ತಾನೆ. 1956ರ ಹಿಂದೂ ದತ್ತಕ ಕಾಯ್ದೆಯೂ ದತ್ತಕವಾದ ದಿನದಿಂದ ಮಗುವಿಗೆ ಹುಟ್ಟಿದ ಮನೆಯ ನಂಟು ಕಡಿದು ಹೊಸ ಮನೆಯ ನಂಟು ಬೆಸೆಯಿತು ಎನ್ನುತ್ತದೆ. ಆದರೆ ಮದುವೆಯ ವಿಷಯದಲ್ಲಿ ಮಾತ್ರ ಹುಟ್ಟಿದ ಮನೆಯ ನಿಷಿದ್ಧ ಸಂಬಂಧಗಳು ಉಳಿದುಕೊಳ್ಳುತ್ತವೆ. ಇಷ್ಟು ಉದಾರವಾದ ಕಾನೂನು ಕೂಡ ರಕ್ತವನ್ನು ಪೂರ್ತಿ ಮರೆಯಲಾರದು.

ನಾಟಕದಲ್ಲಿ ಈ ಪ್ರಶ್ನೆಯನ್ನು ಇನ್ನಷ್ಟು ಬಿಗಿಯಾಗಿಸುವವಳು ದಾವೀದನ ಹೆಂಡತಿ ನೋರಾ. ಕಮ್ಯುನಿಸ್ಟ್ ಪೂರ್ವ ಜರ್ಮನಿಯಲ್ಲಿ, ತಾನು ಯಹೂದಿಯೆಂಬುದೇ ತಿಳಿಯದೆ ಬೆಳೆದ ಹೆಣ್ಣು ಆಕೆ. ಶಾಸ್ತ್ರದ ಲೆಕ್ಕದಲ್ಲಿ ಆಕೆಯ ಯಹೂದಿತನಕ್ಕೆ ಕುಂದಿಲ್ಲ, ಆಕೆಯ ಮಗ ಎಯ್ತಾನನದಕ್ಕೂ ಇಲ್ಲ. ಜೀವಮಾನವಿಡೀ ಯಹೂದಿಯಾಗಿಯೇ ಉಸಿರಾಡಿದ ದಾವೀದ್ ಮಾತ್ರ ಹೊರಗುಳಿಯುತ್ತಾನೆ.

ಹುಟ್ಟಿನ ಗುಟ್ಟು ತಿಳಿದು ತತ್ತರಿಸಿದವರು ಕನ್ನಡದ ಓದುಗರಿಗೆ ಹೊಸಬರಲ್ಲ. ಪಂಪನ ಕರ್ಣ ತಾನು ಕುಂತಿಯ ಮಗನೆಂದು ತಿಳಿದ ಮೇಲೂ ದುರ್ಯೋಧನನನ್ನು ಬಿಡಲಿಲ್ಲ; ಉಂಡ ಋಣವನ್ನು ರಕ್ತಕ್ಕಿಂತ ಮೇಲಿಟ್ಟ. ಎಸ್.ಎಲ್. ಭೈರಪ್ಪನವರ ‘ವಂಶವೃಕ್ಷ’ದಲ್ಲಿ (1965) ನಂಜನಗೂಡಿನ ಶ್ರೀನಿವಾಸ ಶ್ರೋತ್ರಿಗಳು ತಾವು ಶ್ರೋತ್ರಿ ವಂಶದ ರಕ್ತವೇ ಅಲ್ಲವೆಂದು ತಿಳಿದು, ಆಸ್ತಿ ಮನೆ ತೊರೆದು ಹೊರಟುಬಿಡುತ್ತಾರೆ. ಟಾಗೋರರ ಗೋರಾ ಕಟ್ಟಾ ಹಿಂದೂ ಆಗಿ ಬೆಳೆದು, ತಾನು 1857ರ ದಂಗೆಯಲ್ಲಿ ಅನಾಥವಾದ, ಐರಿಷ್ ದಂಪತಿಯ ಮಗುವೆಂದು ತಿಳಿದಾಗ ಹಗುರಾಗುತ್ತಾನೆ. ಜಾತಿಯ ಗೋಡೆಗಳೆಲ್ಲ ಒಮ್ಮೆಗೇ ಬಿದ್ದಂತೆ ಅವನಿಗನಿಸುತ್ತದೆ. ಒಬ್ಬ ಋಣಕ್ಕೆ ನಿಂತ, ಒಬ್ಬರು ತೊರೆದರು, ಮತ್ತೊಬ್ಬ ಬಿಡುಗಡೆ ಕಂಡ.

ದಾವೀದ್‌ಗೆ ಈ ಮೂರೂ ದಾರಿ ಮುಚ್ಚಿವೆ. ಸತ್ಯ ಕೇಳಿದೊಡನೆ ಅವನ ಮೆದುಳಿನಲ್ಲಿ ರಕ್ತಸ್ರಾವವಾಗುತ್ತದೆ, ಅವನು ಉಳಿಯುವುದಿಲ್ಲ. ಕಾರಣವನ್ನು ನಾಟಕ ಕರುಣೆಯಿಂದಲೇ ತೋರಿಸುತ್ತದೆ. ಅವನ ಭಕ್ತಿಯಲ್ಲಿ ಸತ್ತವರ ಮೇಲಿನ ಪ್ರೀತಿಯಿತ್ತು, ಅದರ ಜೊತೆಗೇ ಅರಬರ ಮೇಲಿನ ದ್ವೇಷವೂ ಹೆಣೆದುಕೊಂಡಿತ್ತು. ಪ್ರೀತಿಯನ್ನು ಉಳಿಸಿಕೊಳ್ಳಲು ಹುಟ್ಟು ಅಡ್ಡಿಯಾಗುತ್ತಿರಲಿಲ್ಲ. ದ್ವೇಷವನ್ನು ಇಟ್ಟುಕೊಂಡರೆ ಮಾತ್ರ ಇನ್ನು ತನ್ನನ್ನೇ ದ್ವೇಷಿಸಬೇಕು. ಎರಡನ್ನೂ ಬಿಡಿಸಿ ನೋಡುವಷ್ಟು ಸಮಯ ಅವನಿಗೆ ಸಿಗಲಿಲ್ಲ. ಧರ್ಮವಂತರಾದ ಯಾರನ್ನೇ ಆದರೂ ಈ ನಾಟಕ ಕಾಡಬೇಕಾದದ್ದು ಈ ಕಾರಣಕ್ಕೆ: ನಮ್ಮ ನಂಬಿಕೆಯಲ್ಲಿ ದೇವರ ಪಾಲೆಷ್ಟು, ಶತ್ರುವಿನ ಪಾಲೆಷ್ಟು ಎಂದು ಲೆಕ್ಕ ಹಾಕಿಕೊಳ್ಳುವಂತೆ ಅದು ಒತ್ತಾಯಿಸುತ್ತದೆ.

ಹಾಗಾದರೆ ಗುರುತನ್ನೇ ಕೊಡವಿಬಿಟ್ಟರೆ ಆಯಿತೇ? ಎಯ್ತಾನ್ ಹಾಗೆಯೇ ವಾದಿಸುತ್ತಾನೆ: ಮನುಷ್ಯನ 46 ವರ್ಣತಂತುಗಳಲ್ಲಿ ತಾತಂದಿರ ಸಂಕಟವೂ ಇಲ್ಲ, ಮತವೂ ಇಲ್ಲ. ವಿಜ್ಞಾನವಾಗಿ ಈ ಮಾತು ಸರಿಯೇ ಇರಬಹುದು, ಬದುಕಿಗೆ ಮಾತ್ರ ಸಾಲುವುದಿಲ್ಲ. ವಹೀದಾ ನ್ಯೂಯಾರ್ಕ್‌ನಲ್ಲಿ ತನ್ನ ಅರಬ್‌ತನವನ್ನು ಹೆಚ್ಚು ಯೋಚಿಸದೆ ಬದುಕಿದ್ದವಳು. ಎಯ್ತಾನನೊಂದಿಗೆ ಇಸ್ರೇಲಿಗೆ ಹೋದಾಗ ಅಲ್ಲಿನ ಗಡಿ ಮತ್ತು ತಪಾಸಣೆಗಳು ಅವಳಿಗೆ ಅದನ್ನು ನೆನಪಿಸಿಕೊಡುತ್ತವೆ. ಕೊನೆಗೆ ಅವಳು ಎಯ್ತಾನನನ್ನು ಬಿಟ್ಟು ಅಲ್ಲಿನ ಅರಬರ ನಡುವೆಯೇ ಉಳಿಯಲು ಹೊರಡುತ್ತಾಳೆ. ಲೋಕ ಒಬ್ಬರನ್ನು ಒಂದು ಹೆಸರಿನಿಂದ ಹಿಡಿದು ನಿಲ್ಲಿಸುತ್ತಿರುವಾಗ ಆ ಹೆಸರು ತನಗೆ ಬೇಡವೆನ್ನುವುದು ಎಲ್ಲರಿಗೂ ದಕ್ಕುವ ಸ್ವಾತಂತ್ರ್ಯವಲ್ಲ.

ವಹೀದಾಳ ಸಂಶೋಧನೆಯ ವಸ್ತು ಹಸನ್ ಅಲ್ ವಜ್ಜಾನ್. ಚರಿತ್ರೆಯಲ್ಲಿ ಇದ್ದವನೇ. ಗ್ರನಾಡದಲ್ಲಿ ಹುಟ್ಟಿ, ಆ ಊರು ಕ್ರೈಸ್ತರ ಪಾಲಾದ ಕಾಲದಲ್ಲಿ ಕುಟುಂಬದೊಂದಿಗೆ ಮೊರಾಕೊದ ಫೆಜ್ ಸೇರಿದ ಮುಸ್ಲಿಂ ವಿದ್ವಾಂಸ. 1518ರಲ್ಲಿ ಕಡಲ್ಗಳ್ಳರ ಕೈಗೆ ಸಿಕ್ಕು ಪೋಪ್ ಹತ್ತನೇ ಲಿಯೊಗೆ ಒಪ್ಪಿಸಲ್ಪಟ್ಟ, 1520ರಲ್ಲಿ ದೀಕ್ಷಾಸ್ನಾನ ಪಡೆದ, ಲಿಯೊ ಆಫ್ರಿಕಾನಸ್ ಎಂದು ಹೆಸರಾದ. ಕೆಲವು ವರ್ಷಗಳ ಬಳಿಕ ಉತ್ತರ ಆಫ್ರಿಕಾಕ್ಕೆ ಮರಳಿದ. ಅವನ ಬಗ್ಗೆ ಪುಸ್ತಕ ಬರೆದ ಇತಿಹಾಸಕಾರ್ತಿ ನತಾಲಿ ಜೇಮನ್ ಡೇವಿಸ್ ಈ ನಾಟಕಕ್ಕೆ ಮುವಾವದ್ ಅವರ ಸಲಹೆಗಾರರೂ ಆಗಿದ್ದರು. ಆಫ್ರಿಕಾ ಕುರಿತ ತನ್ನ ಗ್ರಂಥದಲ್ಲಿ ವಜ್ಜಾನ್ ಹಕ್ಕಿಯೊಂದರ ಕತೆ ಹೇಳುತ್ತಾನೆ. ಹಕ್ಕಿಗಳ ರಾಜ ತೆರಿಗೆ ಕೇಳಲು ಬಂದರೆ ಅದು ನೀರಿಗಿಳಿದು ಮೀನಾಗುತ್ತದೆ, ಮೀನುಗಳ ರಾಜ ಬಂದರೆ ಮೇಲೆ ಬಂದು ಹಕ್ಕಿಯಾಗುತ್ತದೆ. ಮುವಾವದ್ ಆ ಜಾಣ ಹಕ್ಕಿಯನ್ನು ಪ್ರೀತಿಯ ಹಕ್ಕಿಯಾಗಿಸುತ್ತಾರೆ. ಮೀನುಗಳ ಮೇಲಿನ ಮೋಹದಿಂದ ನೀರಿಗೆ ಧುಮುಕಿದ ಹಕ್ಕಿಗೆ ಅಲ್ಲೇ ಕಿವಿರು ಮೂಡುತ್ತದೆ. ಸಾವಿನ ಹೊಸ್ತಿಲಲ್ಲಿರುವ ದಾವೀದನಿಗೆ ರಂಗದ ಮೇಲೆ ಬಂದು ಈ ಕತೆ ಹೇಳಿ ಸಂತೈಸುವವನೂ ವಜ್ಜಾನನೇ. ತಪ್ಪಿಸಿಕೊಳ್ಳಲು ವೇಷ ಬದಲಿಸುವುದಕ್ಕೂ ಒಲುಮೆಯಿಂದ ಮಾರ್ಪಡುವುದಕ್ಕೂ ಇರುವ ಅಂತರವೇ ನಾಟಕದ ತಾತ್ವಿಕ ತಿರುಳು.

ಇಂಥ ಕೃತಿ ಬರೆದ ಮುವಾವದ್ ಅವರಿಗೆ ಎರಡೂ ದಂಡೆಗಳಿಂದ ಪೆಟ್ಟು ಬಿತ್ತು. 2022ರಲ್ಲಿ ಮ್ಯೂನಿಕ್‌ನ ರಂಗಮಂದಿರವೊಂದು ಯಹೂದಿ ವಿದ್ಯಾರ್ಥಿಗಳ ಆಕ್ಷೇಪದ ಬಳಿಕ ಈ ನಾಟಕದ ಪ್ರದರ್ಶನ ನಿಲ್ಲಿಸಿತು. ನಾಟಕದಲ್ಲಿ ಯಹೂದಿ ದ್ವೇಷದ ಮಾತುಗಳಿವೆ ಎಂಬುದು ಅವರ ದೂರು. 2024ರಲ್ಲಿ ಬೈರೂತ್‌ನಲ್ಲಿ ಮುವಾವದ್ ಅವರ ಇನ್ನೊಂದು ನಾಟಕ ರದ್ದಾಯಿತು. ಅಲ್ಲಿ ಕೇಳಿಬಂದದ್ದು ಇಸ್ರೇಲ್ ಜೊತೆಗಿನ ನಂಟಿನ ಆರೋಪ. ನೊಂದವರ ದೂರನ್ನು ಹಗುರವಾಗಿ ಕಾಣಬಾರದು. ಆದರೆ ಪರದೆ ಇಳಿಸಿದ ಮಾತ್ರಕ್ಕೆ ದಾವೀದನ ಸಂಕಟ ಬಗೆಹರಿಯುವುದೂ ಇಲ್ಲ.

ಅದು ಬರೀ ಕಲ್ಪನೆಯ ಸಂಕಟವಲ್ಲ. ಇಸ್ರೇಲಿನ 1950ರ ಮರಳುವಿಕೆ ಕಾಯ್ದೆಗೆ 1970ರಲ್ಲಿ ಆದ ತಿದ್ದುಪಡಿಯಂತೆ ಅಜ್ಜ ಅಥವಾ ಅಜ್ಜಿ ಒಬ್ಬರು ಯಹೂದಿಯಾಗಿದ್ದರೂ ಪೌರತ್ವ ದೊರೆಯುತ್ತದೆ. ಸೋವಿಯತ್ ಒಕ್ಕೂಟ ಕುಸಿದ ಮೇಲೆ ಆ ಬಲದಿಂದ ಬಂದವರಲ್ಲಿ ಲಕ್ಷಾಂತರ ಮಂದಿಯನ್ನು ರಬ್ಬಿಗಳ ಪೀಠ ಯಹೂದಿಗಳೆಂದು ಒಪ್ಪಿಲ್ಲ. ಅವರು ಹೀಬ್ರೂ ಆಡುತ್ತಾರೆ, ಸೈನ್ಯದಲ್ಲಿ ದುಡಿಯುತ್ತಾರೆ, ಎಲ್ಲರೊಡನೆ ಹಬ್ಬ ಮಾಡುತ್ತಾರೆ. ಯಹೂದಿ ವಿಧಿಯಂತೆ ಮದುವೆಯಾಗಲು ಮಾತ್ರ ಪೀಠದ ಒಪ್ಪಿಗೆಯಿಲ್ಲ. ಅವರಲ್ಲಿ ಹಲವರು ಸೈಪ್ರಸ್‌ಗೆ ಹೋಗಿ ಮದುವೆಯಾಗಿ ಬಂದು, ಆ ಕಾಗದವನ್ನು ಇಸ್ರೇಲಿನ ಸರ್ಕಾರಿ ಕಚೇರಿಯಲ್ಲಿ ನೋಂದಾಯಿಸುತ್ತಾರೆ.